ವಿಷಮಂತ್ರಿಯ ಮನೆ

ನಾಲ್ಕು ವರ್ಷದ ಹಿಂದೆ ಗೈಡಿನ ಚಪ್ಪಲಿಯ ಉಂಗುಷ್ಠ ಕಿತ್ತುಹೋಗದೆ ಇದ್ದಿದ್ದರೆ ಬೈಂಡರು ಇವತ್ತು ನೆಮ್ಮದಿಯಾಗಿ ಇರುತ್ತಿದ್ದರೋ ಏನೋ.

ಹಳೆಯ ರಾಜಧಾನಿಯನ್ನು ಕಾಲ್ನಡಿಗೆಯಲ್ಲಿ ಸುತ್ತಿಸಿ ತೋರಿಸುವುದು ಆ ಗೈಡಿನ ಕೆಲಸ. ಕಾವಲು ಗೋಪುರದಿಂದ ಕೋಟೆಬಾಗಿಲಿಗೆ ಹೋಗುವ ಓಣಿಯಲ್ಲಿ ಅವನ ಚಪ್ಪಲಿ ಕಿತ್ತಿತು. ಸಿಕ್ಕಿದ ಮನೆಯ ಮೆಟ್ಟಿಲ ಮೇಲೆ ಕೂತು ಪಿನ್ನು ಚುಚ್ಚತೊಡಗಿದ. ಹಿಂದೆ ಬಂದವರು ನಿಂತು ನಿಂತು ಬೇಸತ್ತು ಗೊಣಗಲು ಶುರುಮಾಡಿದರು. ಗೈಡು ತಲೆಯೆತ್ತಿ, "ನಾವೀಗ ಯಾರ ಮನೆ ಮುಂದೆ ಇದ್ದೀವಿ ಗೊತ್ತಾ? ದೊರೆಗೆ ಹಾಲಲ್ಲಿ ವಿಷ ಹಾಕಿ ಕೊಟ್ಟ ಮಂತ್ರಿಯ ಮನೆ!" ಎಂದುಬಿಟ್ಟ. ಗೊಣಗಾಟ ತಟ್ಟನೆ ನಿಂತಿತು. ಮಾರನೆಯ ದಿನ ಚಪ್ಪಲಿ ಸರಿಯಾಗಿಯೇ ಇದ್ದರೂ ಅವನು ಅಲ್ಲೇ ನಿಂತ. ಅಂದಿನಿಂದ ದಿನಾ ಸಂಜೆ ನಾಲ್ಕಕ್ಕೆ ನಿಲ್ಲುತ್ತಲೇ ಇದ್ದಾನೆ.

ಆ ಮನೆ ಬೈಂಡರದು. ಗ್ರಂಥಾಲಯದ ಹರಿದ ಪುಸ್ತಕಗಳಿಗೆ ರಟ್ಟು ಕಟ್ಟುವುದು ಅವರ ಕಸುಬು. ಆ ಮನೆಯಲ್ಲಿ ಮಂತ್ರಿ ಹಾಗಿರಲಿ, ಮಂತ್ರಿಯ ಕುದುರೆ ಕೂಡ ಒಂದು ದಿನ ಇದ್ದದ್ದಿಲ್ಲ. ಅವರ ತಾತ ಅಂಟು ಕುದಿಸಿದರು, ಅಪ್ಪ ಅಂಟು ಕುದಿಸಿದರು, ಈಗ ಇವರು ಕುದಿಸುತ್ತಿದ್ದಾರೆ. ಮೊದಮೊದಲು ಗೈಡಿನ ಕತೆ ಬೈಂಡರಿಗೆ ತಮಾಷೆಯಾಗಿತ್ತು. ಊರೂರಿನ ಜನ ಬಂದು ತಮ್ಮ ಬಾಗಿಲು ನೋಡಿ ಲೊಚಗುಟ್ಟಿ ಹೋಗುತ್ತಾರೆಂದರೆ ಯಾರಿಗೆ ತಾನೇ ಒಂದಿಷ್ಟು ಹೆಮ್ಮೆಯಾಗುವುದಿಲ್ಲ? ಒಬ್ಬಾಕೆ ಕಿಟಕಿಯೊಳಗೆ ತಲೆ ತೂರಿಸಿ, "ಹಾಲು ಕಾಯಿಸಿದ್ದು ಇದೇ ಒಲೇಲಾ?" ಎಂದು ಕೇಳಿದ ದಿನ ಮಾತ್ರ ಅವರ ಹೆಂಡತಿ ಫಟಾರನೆ ಕಿಟಕಿ ಮುಚ್ಚಿದ್ದಳು.

ಈಗ ತಮಾಷೆಯ ದಿನಗಳು ಮುಗಿದಿದ್ದವು. ಮನೆಯ ಗೋಡೆಗಳು ನೆಲದ ನೀರು ಹೀರಿ ಎದೆಮಟ್ಟದವರೆಗೆ ಹಸಿರುಗಟ್ಟಿದ್ದವು. ಹೆಂಡತಿಗೆ ಹತ್ತಿದ ಕೆಮ್ಮು ಎರಡು ವರ್ಷವಾದರೂ ಬಿಟ್ಟಿರಲಿಲ್ಲ. ಡಾಕ್ಟರು ಬೈಂಡರನ್ನು ಪಕ್ಕಕ್ಕೆ ಕರೆದು, "ಈ ಥಂಡಿ ಮನೇಲಿ ಇನ್ನೊಂದು ಚಳಿಗಾಲ ಕಳೆದ್ರೆ ನನ್ನಿಂದ ಏನೂ ಮಾಡೋಕಾಗಲ್ಲ. ಮನೆ ಬಿಡಿ," ಎಂದಿದ್ದರು. ಬೈಂಡರು ಹೆಂಡತಿಗೆ ಹೇಳಿದ್ದು 'ಮನೆ ಬಿಡಿ' ಎಂಬ ಎರಡು ಪದ ಮಾತ್ರ. ಉಳಿದ ಮಾತನ್ನು ಅವರು ಯಾರಿಗೂ ಹೇಳಿರಲಿಲ್ಲ.

ಮನೆ ಮಾರದೆ ಬೇರೆ ಮನೆ ಹಿಡಿಯುವಂತಿರಲಿಲ್ಲ. ಕೊಳ್ಳಲು ಬಂದವರೆಲ್ಲ ಗೋಡೆ ಮುಟ್ಟಿ, ಬೆರಳು ಒರೆಸಿಕೊಂಡು ಹೊರಟುಹೋಗುತ್ತಿದ್ದರು. ಹೋದ ವಾರ ಬಂದ ಹೋಟೆಲಿನ ಯಜಮಾನ ಮಾತ್ರ ಗೋಡೆ ಮುಟ್ಟಲೇ ಇಲ್ಲ. ಬಾಗಿಲು ನೋಡಿದ, ಅಡುಗೆಮನೆ ನೋಡಿದ, "ಬುಧವಾರ ನಾಲ್ಕಕ್ಕೆ ಬರ್ತೀನಿ, ಕಾಗದಪತ್ರ ತೆಗೆದಿಡಿ," ಎಂದು ಹೋದ. ಹೆಂಡತಿ ಮಾರನೆಯ ದಿನದಿಂದಲೇ ಪಾತ್ರೆಗಳನ್ನು ಗೋಣಿಚೀಲಕ್ಕೆ ತುಂಬತೊಡಗಿದಳು. ಊರಾಚೆ ದಿಣ್ಣೆಯ ಮೇಲೆ, ದಿನವಿಡೀ ಬಿಸಿಲು ಬೀಳುವ ಎರಡು ಕೋಣೆಯ ಮನೆಯೊಂದನ್ನು ಇಬ್ಬರೂ ನೋಡಿ ಬಂದಿದ್ದರು. ಆಕೆ ಅಲ್ಲಿಯ ಗೋಡೆಗೆ ಕೆನ್ನೆ ತಾಗಿಸಿ ನಿಂತದ್ದನ್ನು ಬೈಂಡರು ನೋಡಿಯೂ ನೋಡದವರ ಹಾಗೆ ಇದ್ದರು.

ಬುಧವಾರ ಬೆಳಿಗ್ಗೆ ಎದುರುಮನೆಯ ಪೋಸ್ಟ್‌ಮಾಸ್ತರು ಬಂದರು. ನಿವೃತ್ತರಾಗಿ ಹತ್ತು ವರ್ಷ ಕಳೆದಿದ್ದರೂ, ಓಣಿಯ ಯಾವ ಸುದ್ದಿಯೂ ತಮ್ಮ ಕೈದಾಟಿ ಹೋಗಬಾರದೆಂಬ ಹಟ ಅವರನ್ನು ಬಿಟ್ಟಿರಲಿಲ್ಲ.

"ಏನು ಬೈಂಡರೇ, ಇವತ್ತು ವ್ಯಾಪಾರ ಮುಗಿಯುತ್ತಂತೆ?"

"ಹೌದು ಮಾಸ್ತರೇ. ನಾಲ್ಕಕ್ಕೆ ಬರ್ತಾರೆ."

"ನಾಲ್ಕಕ್ಕಾ? ಗೈಡು ಬರೋ ಹೊತ್ತಲ್ವೇನ್ರೀ ಅದು?"

"ಬಂದ್ರೆ ಬರ್ಲಿ ಬಿಡಿ."

ಮಾಸ್ತರು ವಿಳಾಸ ತಪ್ಪಿದ ಕಾಗದವನ್ನು ನೋಡುವಂತೆ ಬೈಂಡರನ್ನು ನೋಡಿದರು. "ಅಲ್ರೀ, ತಗೊಳ್ಳೋನು ಹೋಟೆಲಿನವನು. ಇದೇ ಮನೇಲಿ ವಿಷ ಹಾಕಿದ್ರು ಅಂತ ಬೀದೀಲಿ ನಿಂತು ಒಬ್ಬ ದಿನಾ ಕೂಗಿದ್ರೆ, ಒಳಗೆ ಕೂತು ಊಟ ಮಾಡೋರು ಯಾರು? ಅವನು ಅದನ್ನ ಕೇಳಿಸ್ಕೊಂಡ ಅಂದ್ರೆ ಮುಗೀತು. ನನಗೇನಾಗಬೇಕು, ನಿಮ್ಮ ಒಳ್ಳೇದಕ್ಕೆ ಹೇಳ್ದೆ."

ತಲೆಗೆ ಹುಳ ಬಿಟ್ಟು ಮಾಸ್ತರು ನೆಮ್ಮದಿಯಾಗಿ ಮನೆಗೆ ಹೋದರು. ಬೈಂಡರು ತಕ್ಷಣ ಯಜಮಾನನಿಗೆ ಫೋನು ಮಾಡಿ ಐದು ಗಂಟೆಗೆ ಬರುತ್ತೀರಾ ಎಂದು ಕೇಳಿದರು. ಎತ್ತಿಕೊಂಡ ಮ್ಯಾನೇಜರು, "ಯಜಮಾನ್ರು ನಾಲ್ಕು ಅಂದ್ರೆ ನಾಲ್ಕೇ," ಎಂದು ಇಟ್ಟುಬಿಟ್ಟ. ಇನ್ನು ಗೈಡಿನ ಬಾಯಿ ಮುಚ್ಚಿಸುವುದೊಂದೇ ದಾರಿ.

ಎರಡು ಗಂಟೆಗೆ ಬೈಂಡರು ಅರಮನೆಯ ಬಾಗಿಲಲ್ಲಿದ್ದರು. ಆಕಾಶ ಮುಸುಕು ಹಾಕಿಕೊಂಡಿತ್ತು. ಗೈಡು ಕೆಂಪು ಛತ್ರಿಯನ್ನು ಮಡಿಚಿ ಎತ್ತಿ ಹಿಡಿದು ಜನರನ್ನು ಎಣಿಸುತ್ತಿದ್ದ.

"ಸ್ವಲ್ಪ ಮಾತಾಡೋದಿತ್ತಪ್ಪ."

"ಟಿಕೆಟ್ ಇದೆಯಾ ಬೈಂಡರೇ? ಇಲ್ದೇ ಇದ್ರೆ ದೂರ ನಿಂತ್ಕೊಳ್ಳಿ. ಪರಿಚಯದವರನ್ನ ಪುಕ್ಕಟೆ ಕರ್ಕೊಂಡು ಹೋಗ್ತಾನೆ ಅಂತ ಆಗಲೇ ನನ್ನ ಮೇಲೆ ಎರಡು ದೂರು ಹೋಗಿದೆ."

ಹುಟ್ಟಿದ ಊರನ್ನು ನೋಡಲು ಬೈಂಡರು ಟಿಕೆಟು ಕೊಂಡರು. ಕೊಂಡು ತಿರುಗಿ ನೋಡಿದರೆ ಕೆಂಪು ಛತ್ರಿ ಲಾಯದ ಹತ್ತಿರ ಹೋಗಿತ್ತು. ಏದುಸಿರು ಬಿಡುತ್ತ ಓಡಿ, ಗೈಡಿನ ಕಿವಿಯ ಹತ್ತಿರ ಬಾಯಿ ಒಯ್ದರು. ಗೈಡು ಹಿಂದೆ ಸರಿದು, "ಪ್ರಶ್ನೆ ಇದ್ರೆ ಜೋರಾಗಿ ಕೇಳಿ ಸಾರ್, ಎಲ್ಲರಿಗೂ ಉಪಯೋಗ ಆಗ್ಲಿ," ಎಂದ. ಹದಿನೆಂಟು ಮುಖಗಳು ಬೈಂಡರತ್ತ ತಿರುಗಿದವು.

"ಅದೇ... ಆ ವಿಷದ ವಿಚಾರ..."

"ಆಹಾ! ಅದು ಆಮೇಲೆ ಬರುತ್ತೆ. ಈಗ್ಲೇ ಹೇಳಿದ್ರೆ ಮಜಾ ಹೋಗುತ್ತೆ."

ಕೇಳಿದವರಿಗೆಲ್ಲ ವಿಷದ ಕತೆಯ ಮೇಲೆ ಆಸೆ ಹುಟ್ಟಿತು. ಲಾಯದ ಕಡೆ ಯಾರೂ ಕಣ್ಣೆತ್ತಿ ನೋಡಲಿಲ್ಲ. "ಅದು ಯಾವಾಗ ಬರುತ್ತೆ?" ಎಂದು ಪದೇ ಪದೇ ಕೇಳತೊಡಗಿದರು. ಟಂಕಸಾಲೆಯ ಹತ್ತಿರ ಬರುವಷ್ಟರಲ್ಲಿ ಬೈಂಡರ ತಾಳ್ಮೆ ಕೆಟ್ಟಿತು.

"ಅದೆಲ್ಲ ಶುದ್ಧ ಸುಳ್ಳು! ಅದು ನನ್ನ ಮನೆ! ನಮ್ಮ ಮನೇಲಿ ಅಂಥದ್ದು ಏನೂ ನಡೆದಿಲ್ಲ, ಆಣೆ ಇಟ್ಟು ಹೇಳ್ತೀನಿ!"

ಒಮ್ಮೆಲೇ ಕ್ಯಾಮೆರಾಗಳು ಮೇಲೆದ್ದವು. "ಮಂತ್ರಿ ವಂಶದವರಂತೆ!" "ಮೂಗು ನೋಡಿ, ಹಾಗೇ ಇದೆ!" ಮಂತ್ರಿಯ ಮೂಗನ್ನು ಇವರು ಎಲ್ಲಿ ನೋಡಿದ್ದರೋ ದೇವರಿಗೇ ಗೊತ್ತು. ದಪ್ಪನೆಯ ಹೆಂಗಸೊಬ್ಬರು ಗೋಪುರದ ಏರಿನಲ್ಲಿ ತಲೆಸುತ್ತಿ ಕುಸಿದು ಕೂತಾಗ ಬೈಂಡರು ಮರುಗಿ ತಮ್ಮ ನೀರಿನ ಬಾಟಲಿ ಚಾಚಿದರು. ಆಕೆ ಬಾಟಲಿ ನೋಡಿದರು, ಬೈಂಡರ ಮುಖ ನೋಡಿದರು.

"ಬೇಡಪ್ಪ. ನನಗಿನ್ನೂ ಚಿಕ್ಕ ಚಿಕ್ಕ ಮಕ್ಕಳಿದ್ದಾರೆ."

ಬೈಂಡರಿಗೆ ಅಳುವೇ ಬಂದಂತಾಯಿತು. ಐವತ್ತೆಂಟು ವರ್ಷ ಯಾರಿಗೂ ಕೇಡು ಬಗೆಯದೆ ಬದುಕಿದ ಮನುಷ್ಯ, ಒಂದು ಮಧ್ಯಾಹ್ನದಲ್ಲಿ ವಿಷ ಹಾಕುವ ವಂಶದವರಾಗಿದ್ದರು.

ಕಾವಲು ಗೋಪುರದಲ್ಲಿ ಜನ ಮೇಲೆ ಹತ್ತಿ ಇಳಿಯುವವರೆಗೆ ಗೈಡಿಗೆ ಹತ್ತು ನಿಮಿಷ ಬಿಡುವು. ಅವನು ಕೆಳಗಿನ ಮೆಟ್ಟಿಲ ಮೇಲೆ ಕೂತು ಕಾಲು ಒತ್ತಿಕೊಳ್ಳುತ್ತಿದ್ದ. ಬೈಂಡರು ಅವನ ಪಕ್ಕ ಕೂತು ಎಲ್ಲ ಹೇಳಿದರು: ಗೋಡೆ, ಕೆಮ್ಮು, ಹೋಟೆಲಿನ ಯಜಮಾನ, ಡಾಕ್ಟರು ಪಕ್ಕಕ್ಕೆ ಕರೆದು ಹೇಳಿದ ಮಾತು. ಈ ಕೊನೆಯದನ್ನು ಅವರು ಇನ್ನೊಬ್ಬರಿಗೆ ಹೇಳಿದ್ದು ಇದೇ ಮೊದಲು.

ಗೈಡು ಕೆಟ್ಟವನಲ್ಲ. ಕಾಲು ಒತ್ತುವುದನ್ನು ಬಿಟ್ಟು ಹೇಳಿದ:

"ಬೈಂಡರೇ, ನನ್ನ ಕಷ್ಟಾನೂ ಕೇಳಿ. ಇಲ್ಲಿಂದ ಕೋಟೆಬಾಗಿಲಿಗೆ ಇಪ್ಪತ್ತೈದು ನಿಮಿಷ. ಮಧ್ಯ ನೋಡೋಕೆ ಏನಂದ್ರೆ ಏನೂ ಇಲ್ಲ. ಜನಕ್ಕೆ ಕಾಲು ನೋಯೋಕೆ ಶುರುವಾಗೋದೇ ನಿಮ್ಮ ಓಣೀಲಿ. ಅಲ್ಲೊಂದು ಕತೆ ಇಲ್ಲಾಂದ್ರೆ ಬೈಕೊಂಡು ವಾಪಸ್ ಹೋಗ್ತಾರೆ. ಕತೆ ಬಿಡೋಕಾಗಲ್ಲ."

"ಇವತ್ತೊಂದು ದಿನ ಬಿಡಪ್ಪ!"

"ಇವತ್ತೇ ಬಿಡೋಕಾಗಲ್ಲ. ನೀವೇ ಎಲ್ಲರ ಬಾಯಲ್ಲೂ ನೀರೂರಿಸಿ ಇಟ್ಟಿದ್ದೀರಿ." ಗೈಡು ತಲೆ ಕೆರೆದುಕೊಂಡ. "ಒಂದು ಕೆಲಸ ಮಾಡಬಹುದು. ಈ ಕಡೆ ತಿರುಗೋ ಬದಲು ಆ ಕಡೆ ತಿರುಗ್ತೀನಿ. ಎದುರುಮನೆ ಮೇಲೆ ಹಾಕ್ತೀನಿ. ಪೋಸ್ಟ್‌ಮಾಸ್ತರು ಹೇಗೂ ಮನೆ ಮಾರ್ತಾ ಇಲ್ವಲ್ಲ?"

ಪೋಸ್ಟ್‌ಮಾಸ್ತರ ಮನೆಯ ಮೇಲೆ ವಿಷ! ಬೆಳಗಿನಿಂದ ಮೊದಲ ಸಲ ಬೈಂಡರ ತುಟಿ ಅರಳಿತು. ಆ ಸಂತೋಷ ಅಷ್ಟು ಒಳ್ಳೆಯ ಜಾತಿಯದಲ್ಲವೆಂದು ಅವರಿಗೂ ಗೊತ್ತಿತ್ತು.

"ಆದ್ರೆ ನಾನು ಆಗಲೇ ಅದು ನನ್ನ ಮನೆ ಅಂದುಬಿಟ್ಟೆನಲ್ಲ?"

"ಅದಕ್ಕೊಂದು ಉಪಾಯ ಇದೆ. ನೀವು ಬೇಜಾರು ಮಾಡ್ಕೋಬಾರದು ಅಷ್ಟೆ."

ಗೋಪುರದಿಂದ ಇಳಿದವರನ್ನು ಗೈಡು ಗುಂಪುಗೂಡಿಸಿ, ದನಿ ತಗ್ಗಿಸಿ ಹೇಳಿದ: "ಆ ಹಿರಿಯರ ಮಾತನ್ನ ಮನಸ್ಸಿಗೆ ಹಚ್ಕೋಬೇಡಿ. ಪಾಪ, ವಿಷಮಂತ್ರಿ ಮನೆ ಎದುರಿಗಿರೋರು. ದಿನಾ ಅದನ್ನೇ ಕೇಳಿ ಕೇಳಿ..." ಮುಂದಿನದನ್ನು ಬಾಯಲ್ಲಿ ಹೇಳದೆ ಹಣೆಯ ಪಕ್ಕ ಬೆರಳು ತಿರುಗಿಸಿ ತೋರಿಸಿದ. ಎಲ್ಲರೂ ಅಯ್ಯೋ ಎಂದರು. ದಪ್ಪನೆಯ ಹೆಂಗಸು ಬೈಂಡರ ಬೆನ್ನು ಸವರಿ, ಈಗ ನೀರಿನ ಬಾಟಲಿಯನ್ನೂ ಇಸಕೊಂಡರು. ಹುಚ್ಚನೆನಿಸಿಕೊಂಡರೂ ಚಿಂತೆಯಿಲ್ಲ, ಮನೆ ಮಾರಾಟವಾದರೆ ಸಾಕೆಂದು ಬೈಂಡರು ತಲೆತಗ್ಗಿಸಿ ನಡೆದರು.

ನಾಲ್ಕು ಗಂಟೆಗೆ ಸರಿಯಾಗಿ ಓಣಿ ಬಂತು. ಹೋಟೆಲಿನ ಯಜಮಾನ ಬೈಂಡರ ಬಾಗಿಲಲ್ಲೇ ಕೈಕಟ್ಟಿ ನಿಂತಿದ್ದ. ಬಾಗಿಲ ಸಂದಿಯಲ್ಲಿ ಹೆಂಡತಿ ಒಳ್ಳೆಯ ಸೀರೆ ಉಟ್ಟು, ಕೆಮ್ಮು ಬರದಂತೆ ಸೆರಗಿನಿಂದ ಬಾಯಿ ಒತ್ತಿ ಹಿಡಿದಿದ್ದಳು.

ಗೈಡು ಬೈಂಡರ ಮನೆಗೆ ಬೆನ್ನು ತಿರುಗಿಸಿ, ಪೋಸ್ಟ್‌ಮಾಸ್ತರ ಮನೆಯತ್ತ ಛತ್ರಿ ಚಾಚಿದ. ಅವನು ಅಷ್ಟು ಚೆನ್ನಾಗಿ ಆ ಕತೆಯನ್ನು ಎಂದೂ ಹೇಳಿರಲಿಲ್ಲ. ಬೈಂಡರ ಮನೆಗೆ ಮಹಡಿಯಿಲ್ಲದ್ದರಿಂದ ಹೇಳಲಾಗದೆ ಉಳಿದದ್ದನ್ನೆಲ್ಲ ಈಗ ಹೇಳಿದ. "ಅಗೋ, ಆ ಮೇಲಿನ ಕಿಟಕಿ! ದೊರೆಯ ಪ್ರಾಣ ಹೋಗೋವರೆಗೂ ಮಂತ್ರಿ ಅಲ್ಲೇ ನಿಂತು ಅರಮನೆ ಕಡೆ ನೋಡ್ತಾ ಇದ್ದ!" ಎನ್ನುವುದಕ್ಕೂ, ಗಲಾಟೆ ಏನೆಂದು ನೋಡಲು ಪೋಸ್ಟ್‌ಮಾಸ್ತರು ಬನಿಯನ್ನಿನಲ್ಲಿ ಆ ಕಿಟಕಿಗೆ ಬರುವುದಕ್ಕೂ ಸರಿಹೋಯಿತು. ಹದಿನೆಂಟು ಜನ ಹೌಹಾರಿದರು.

ಬೈಂಡರು ಬೆವರೊರೆಸಿಕೊಂಡು ಯಜಮಾನನ ಹತ್ತಿರ ಬಂದರು. "ಒಳಗೆ ಬನ್ನಿ ಯಜಮಾನ್ರೇ. ಕಾಗದಪತ್ರ ಎಲ್ಲ ತೆಗೆದಿಟ್ಟಿದ್ದೀನಿ."

ಯಜಮಾನ ಕದಲಲಿಲ್ಲ. ಗೈಡನ್ನು ಕೇಳಿದ: "ಏನಪ್ಪಾ, ಹೋದ ವಾರ ಈ ಮನೆ ಅಂದಿದ್ದೆ?"

ಗೈಡು ಒಂದು ಗಳಿಗೆಯೂ ತಡವರಿಸಲಿಲ್ಲ. "ಹೊಸ ದಾಖಲೆ ಸಿಕ್ಕಿದೆ ಸಾರ್. ಎದುರುಮನೆ ಅಂತ ಖಾತ್ರಿಯಾಗಿದೆ."

"ಛೆ!" ಯಜಮಾನ ಬೈಂಡರತ್ತ ತಿರುಗಿದ. "ಮೊದಲೇ ಹೇಳಬಾರದಾಗಿತ್ತೇನ್ರೀ? ಈ ಒದ್ದೆ ಗೋಡೆ ತಗೊಂಡು ನಾನೇನು ಮಾಡ್ಲಿ? ಇನ್ನೊಂದು ಊರಲ್ಲಿ ಹಳೇ ಜೈಲು ತಗೊಂಡು ಹೋಟೆಲ್ ಮಾಡಿದ್ದೀನಿ. ಗಲ್ಲಿಗೆ ಹಾಕೋರನ್ನ ಇಡ್ತಿದ್ದ ಕೋಣೇಲಿ ಊಟ ಮಾಡೋಕೆ ಜನ ಸಾಲು ನಿಲ್ತಾರೆ. ಇಲ್ಲಿ 'ವಿಷಮಂತ್ರಿಯ ಮನೆ' ಅಂತ ಬೋರ್ಡ್ ಬರೆಸೋಕೆ ಕೊಟ್ಟೂ ಆಯ್ತು!"

ಬೈಂಡರು ಅವನ ಕೈ ಹಿಡಿದುಕೊಂಡರು. "ಇಲ್ಲ, ಇಲ್ಲ! ವಿಷ ಹಾಕಿದ್ದು ಇಲ್ಲೇ! ಇದೇ ಅಡುಗೆಮನೇಲಿ! ಈ ಗೈಡನ್ನೇ ಕೇಳಿ, ನಾನೇ ಅವನಿಗೆ... ಹೇಳಪ್ಪ, ನಿಜ ಹೇಳು!"

ಗೈಡು ಹದಿನೆಂಟು ಮುಖಗಳನ್ನು ನೋಡಿದ. ಬೈಂಡರ ಕಿವಿಯಲ್ಲಿ, "ನಿಜ ಹೇಳಿದ್ರೆ ಎರಡು ಮನೇಲೂ ಮಂತ್ರಿ ಇರಲ್ಲ ಬೈಂಡರೇ," ಎಂದು ಪಿಸುಗುಟ್ಟಿ ಹಿಂದೆ ಸರಿದ.

ದಪ್ಪನೆಯ ಹೆಂಗಸು ಯಜಮಾನನಿಗೆ ಮೆಲ್ಲಗೆ ತಿಳಿಸಿದರು: "ಅವರ ಮಾತು ನಂಬಬೇಡಿ. ಆಗ ಟಂಕಸಾಲೆ ಹತ್ರ ನಮ್ಮ ಮನೇಲಿ ಏನೂ ನಡೆದಿಲ್ಲ ಅಂತ ಆಣೆ ಇಟ್ರು. ಈಗ ಹೀಗಂತಾರೆ. ಪಾಪ, ಇಲ್ಲಿ ಸರಿಯಿಲ್ಲ." ಹಣೆಯ ಪಕ್ಕ ಬೆರಳು ತಿರುಗಿತು.

ಯಜಮಾನ ಓಣಿ ದಾಟಿ ಎದುರುಮನೆಯ ಬಾಗಿಲು ತಟ್ಟಿದ. ಪೋಸ್ಟ್‌ಮಾಸ್ತರು ಅಂಗಿಯ ಗುಂಡಿ ಹಾಕಿಕೊಳ್ಳುತ್ತ ಇಳಿದು ಬಂದರು. ಮೊದಲು ಅವರು ಕೂಗಾಡಿದ್ದು ಕೇಳಿಸಿತು. ಆಮೇಲೆ ಸದ್ದು ತಗ್ಗಿತು. ಇನ್ನೂ ಸ್ವಲ್ಪ ಹೊತ್ತಿಗೆ ಅವರ ದನಿ ಓಣಿಯವರೆಗೂ ಸ್ಪಷ್ಟವಾಗಿ ಬಂತು: "ನಮ್ಮ ಮುತ್ತಾತ ಹೇಳ್ತಾ ಇದ್ರು ಯಜಮಾನ್ರೇ, ವಿಷ ಅರೆದ ಕಲ್ಲು ಇನ್ನೂ ಹಿತ್ತಲಲ್ಲೇ ಇದೆ. ಬನ್ನಿ ತೋರಿಸ್ತೀನಿ."

ದೀಪ ಹಚ್ಚುವ ಹೊತ್ತಿಗೆ ಬೈಂಡರು ಗೋಣಿಚೀಲದಿಂದ ಪಾತ್ರೆಗಳನ್ನು ಒಂದೊಂದಾಗಿ ತೆಗೆದು ಹಲಗೆಯ ಮೇಲೆ ಜೋಡಿಸುತ್ತಿದ್ದರು. ನಡೆದದ್ದನ್ನೆಲ್ಲ ಹೆಂಡತಿಗೆ ಹೇಳಿ ಮುಗಿಸಿದ್ದರು. ಅವಳು ಬೈಯಲಿಲ್ಲ. ಬೈದಿದ್ದರೆ ಎಷ್ಟೋ ಹಗುರಾಗುತ್ತಿತ್ತು. ಅಷ್ಟರಲ್ಲಿ ಪೋಸ್ಟ್‌ಮಾಸ್ತರು ಒಂದು ಕಾಗದ ಹಿಡಿದು ಒಳಗೆ ಬಂದರು.

"ಬೈಂಡರೇ, ನಿಮ್ಮ ಉಪಕಾರ ಈ ಜನ್ಮದಲ್ಲಿ ಮರೆಯೋಲ್ಲ. ಆ ದಿಣ್ಣೆ ಮೇಲೆ ಬಿಸಿಲು ಬೀಳೋ ಎರಡು ಕೋಣೆ ಮನೆ ಒಂದಿದೆ ಅಂದಿದ್ರಲ್ಲ, ಅದಕ್ಕೂ ಮಾತಾಡಿಬಿಟ್ಟೆ. ನೀವು ಹೇಗೂ ಹೋಗ್ತಾ ಇಲ್ವಲ್ಲ? ಇಲ್ಲೊಂದು ಸಹಿ ಹಾಕಿ. ಮಂತ್ರಿ ಇದ್ದದ್ದು ನಮ್ಮ ಮನೇಲೇ ಅಂತ ಓಣಿಯ ಹಳಬರೊಬ್ಬರು ಬರೆದುಕೊಡಬೇಕಂತೆ."

ಬೈಂಡರು ಕಾಗದವನ್ನೂ ನೋಡಿದರು, ಹೆಂಡತಿಯನ್ನೂ ನೋಡಿದರು.

"ಹಾಕಿಕೊಡಿ," ಎಂದಳು ಅವಳು, ಕೆಮ್ಮಿನ ನಡುವೆ. "ಅವರಾದ್ರೂ ಒಣಗಿದ ಮನೆಗೆ ಹೋಗ್ಲಿ."

"ಅವರ ಮನೆ ಯಾವತ್ತೂ ಒಣಗೇ ಇತ್ತಲ್ಲೇ," ಎಂದರು ಬೈಂಡರು, ಪೆನ್ನಿನ ಮುಚ್ಚಳ ತೆಗೆಯುತ್ತ.