ಜಪ್ತಿಯಾದ ಟ್ರ್ಯಾಕ್ಟರಿಗೆ ಆಯುಧಪೂಜೆ

ಹೆಮ್ಮೆ ಪಡಲು ಕೆಲವರಿಗೆ ಸ್ವಂತ ಮನೆಯಿರುತ್ತದೆ, ಕೆಲವರಿಗೆ ಮೀಸೆಯಿರುತ್ತದೆ. ನನಗಿರುವುದು ಡೈರಿ. ಹಲ್ಲುಜ್ಜುವ ಬ್ರಷ್ ಬದಲಿಸಿದ ದಿನವೂ ಅದರಲ್ಲಿ ದಾಖಲಾಗಿದೆ. ಇದನ್ನು ಕೇಳಿ ನಗುವವರಿದ್ದಾರೆ. ಅವರ ಹೆಸರುಗಳು ಕೊನೆಯ ಪುಟದಲ್ಲಿವೆ, ಇಲ್ಲಿಯವರೆಗೆ ಹನ್ನೊಂದು.

ಚಿಕ್ಕಬಳ್ಳಾಪುರ ಜಿಲ್ಲೆಯಾದ ಮರುವರ್ಷ ನಾನು ಅಲ್ಲಿ ಒಂದು ಸರ್ಕಾರಿ ಕಚೇರಿಗೆ ಗುಮಾಸ್ತನಾಗಿ ಸೇರಿದೆ. ಪರವಾನಗಿಯಿಲ್ಲದೆ ಮರಳು, ಜಲ್ಲಿ ಸಾಗಿಸಿ ಸಿಕ್ಕಿಬಿದ್ದ ವಾಹನಗಳನ್ನು ಕಚೇರಿ ಹಿಂದಿನ ಬಯಲಲ್ಲಿ ನಿಲ್ಲಿಸುತ್ತಿದ್ದರು. ಕೋರ್ಟು ಬಿಡಿ ಎನ್ನುವವರೆಗೆ ಅವುಗಳ ಕಾವಲು ನನ್ನದು. ಆಗ ಆರು ಟ್ರ್ಯಾಕ್ಟರು, ಮೂರು ಲಾರಿ ಇದ್ದವು. ಪ್ರತಿ ಚಕ್ರದ ಸುತ್ತಲೂ ಸುಣ್ಣದ ಗೆರೆ ಎಳೆದಿದ್ದೆ. ಬೆಳಿಗ್ಗೆ ಹತ್ತೂಕಾಲಿಗೆ ಹೋಗಿ, ಯಾವುದೂ ಗೆರೆ ದಾಟಿಲ್ಲವೆಂದು ಬರೆದುಕೊಳ್ಳುತ್ತಿದ್ದೆ. ಅಲ್ಲಾಡದ ವಾಹನ ಅಲ್ಲಾಡಿಲ್ಲವೆಂದು ದಿನವೂ ಬರೆಯುವುದಕ್ಕೆ ಒಂದು ಶಿಸ್ತು ಬೇಕು. ಅದು ಎಲ್ಲರಿಗೂ ಬರುವುದಿಲ್ಲ.

ಆಯುಧಪೂಜೆಯ ಹಿಂದಿನ ದಿನ ಕಚೇರಿಯ ಜೀಪಿಗೂ ಟೈಪ್‌ರೈಟರಿಗೂ ಪೂಜೆ ನಡೆದಿತ್ತು. ಆಗ ಚಿಂತಾಮಣಿ ಕಡೆಯ ವೆಂಕಟಲಕ್ಷ್ಮಮ್ಮ ಬುಟ್ಟಿ ಹಿಡಿದು ಬಂದರು. ಮಾರುಕಟ್ಟೆಗೆ ತರಕಾರಿ ಹೊಡೆದು ಸಂಸಾರ ನಡೆಸುತ್ತಿದ್ದ ಅವರ ಒಂದೇ ಟ್ರ್ಯಾಕ್ಟರು ನಮ್ಮ ಬಯಲಲ್ಲಿತ್ತು. ಡ್ರೈವರು ಅದಕ್ಕೆ ಮರಳು ತುಂಬಿ ಸಿಕ್ಕಿಬಿದ್ದಿದ್ದ. ಬಿಡಿಸಿಕೊಡಿ ಎಂದು ಅವರು ಹಾಕಿದ ಅರ್ಜಿ ಮರುವಾರ ಕೋರ್ಟಿಗೆ ಬರುವುದಿತ್ತು.

"ಏನಪ್ಪಾ, ನಿಮ್ ಜೀಪಿಗೆ ಮಾರುದ್ದ ಹಾರ. ನನ್ ಗಾಡಿ ಏನ್ ಪಾಪ ಮಾಡೈತೆ?"

"ಅಮ್ಮಾ, ಅದು ಕೇಸಿನ ಮಾಲು. ಅದಕ್ಕೆ ಏನೂ ಸೇರಿಸಂಗಿಲ್ಲ, ಏನೂ ತೆಗಿಯಂಗಿಲ್ಲ."

"ಕುಂಕುಮ ಇಟ್ರೆ ಕೇಸು ಕೆಟ್ಟೋಗ್ತದಾ, ನಾಯ್ನಾ?"

ಗಣಿ ಕಾಯಿದೆಯನ್ನು ತಿರುವಿ ನೋಡಿದೆ. ಕುಂಕುಮದ ಪ್ರಸ್ತಾಪವಿರಲಿಲ್ಲ. ಹಾರ ಒಂದು, ಕುಂಕುಮದ ಬೊಟ್ಟು ಏಳು ಎಂದು ಬರೆದುಕೊಂಡು ಒಪ್ಪಿದೆ. ತೊಡಕಾದದ್ದು ನಿಂಬೆಹಣ್ಣಿನಲ್ಲಿ. ನಿಂಬೆಹಣ್ಣು ಚಕ್ರದಡಿ ಅಪ್ಪಚ್ಚಿಯಾಗದಿದ್ದರೆ ಪೂಜೆ ಪೂಜೆಯಲ್ಲ. ಅಪ್ಪಚ್ಚಿಯಾಗಲು ಗಾಡಿ ಮುಂದೆ ಹೋಗಬೇಕು, ಹೋದರೆ ನನ್ನ ಗೆರೆ ದಾಟುತ್ತದೆ. ಸೂಪರಿಂಟೆಂಡೆಂಟರನ್ನು ಕೇಳಿದೆ. ಬಾಯಿ ತುಂಬ ಕಡ್ಲೆಪುರಿ ಇದ್ದುದರಿಂದ ಅವರು ತಲೆಯಾಡಿಸಿದರು. ಕೊನೆಗೆ ಒಂದು ಗೇಣು ಮುಂದೆ, ಒಂದು ಗೇಣು ಹಿಂದೆ ಎಂದು ತೀರ್ಮಾನವಾಯಿತು. ಕೀಲಿ ತಿರುಗಿಸಿದರೆ ಗಾಡಿ ಉಸಿರೆತ್ತಲಿಲ್ಲ. ಎಂಟು ಜನ ತಳ್ಳಿದೆವು. ಗೆರೆಯೊಳಗೆ ವಾಪಸ್ಸು ತಂದು ನಿಲ್ಲಿಸಿ, ಕಂಡದ್ದನ್ನೆಲ್ಲ ಬರೆದೆ.

ಮರುವಾರ ಕೋರ್ಟಿನಲ್ಲಿ ಸರ್ಕಾರಿ ವಕೀಲರು ಎದ್ದು, "ವಾಹನ ಬಿಡಬಾರದು ಸ್ವಾಮಿ. ಜಪ್ತಿಯಾದ ದಿನ ಹೇಗಿತ್ತೋ ಹಾಗೇ ಭದ್ರವಾಗಿದೆ" ಎಂದರು.

"ಅದಕ್ಕೆ ದಾಖಲೆ?" ಎಂದರು ನ್ಯಾಯಾಧೀಶರು.

ಸೂಪರಿಂಟೆಂಡೆಂಟರು ಹೆಮ್ಮೆಯಿಂದ ನನ್ನತ್ತ ಕೈ ತೋರಿಸಿದರು. ನಾನು ಅವರಿಗಿಂತ ಹೆಮ್ಮೆಯಿಂದ ಡೈರಿ ಕೊಟ್ಟೆ. ನ್ಯಾಯಾಧೀಶರು ಗಟ್ಟಿಯಾಗಿ ಓದಿದರು: "ನಲವತ್ತೊಂದನೇ ದಿನ. ಬ್ಯಾಟರಿ ಸತ್ತಿದೆ. ಮುಂದಿನ ಎರಡು ಟೈರಿಗೆ ಗಾಳಿಯಿಲ್ಲ. ಸೀಟಿನೊಳಗೆ ಇಲಿಮರಿ ಐದು, ಆರೋಗ್ಯವಾಗಿವೆ. ಸೂಪರಿಂಟೆಂಡೆಂಟರ ಒಪ್ಪಿಗೆಯಂತೆ, ಅವರ ಬಾಯಲ್ಲಿ ಕಡ್ಲೆಪುರಿ ಇರುವಾಗ, ಎಂಟು ಜನ ತಳ್ಳಲಾಗಿ ಒಂದು ಗೇಣು ಚಲಿಸಿತು."

ಕೋರ್ಟಿನಲ್ಲಿ ಯಾರೋ ಕೆಮ್ಮಿದಂತೆ ನಕ್ಕರು. "ಇಷ್ಟು ಪ್ರಾಮಾಣಿಕ ದಾಖಲೆಯನ್ನು ನಾನು ನೋಡಿಲ್ಲ" ಎಂದ ನ್ಯಾಯಾಧೀಶರು, ಇನ್ನು ಅಲ್ಲೇ ಬಿಟ್ಟರೆ ಗಾಡಿ ಗುಜರಿಗೇ ಹೋಗುವುದೆಂದು ಆದೇಶ ಬರೆಸಿದರು. ಮಾರಬಾರದು, ಬಣ್ಣ ಬದಲಿಸಬಾರದು, ಕರೆದಾಗ ತರಬೇಕು ಎಂದು ಮುಚ್ಚಳಿಕೆ, ಜಾಮೀನು ಪಡೆದು ಟ್ರ್ಯಾಕ್ಟರನ್ನು ವೆಂಕಟಲಕ್ಷ್ಮಮ್ಮನವರಿಗೆ ಬಿಟ್ಟುಕೊಟ್ಟರು.

"ನಿನ್ ಕೈ ಬಂಗಾರ ಕಣಪ್ಪಾ" ಎಂದು ಆಕೆ ನನ್ನ ಎರಡೂ ಕೈ ಹಿಡಿದುಕೊಂಡರು. ಸೂಪರಿಂಟೆಂಡೆಂಟರು ಕಚೇರಿಯವರೆಗೂ ನನಗಿಂತ ಹತ್ತು ಹೆಜ್ಜೆ ಮುಂದೆಯೇ ನಡೆದರು.

ಸಂಜೆ ಅಮ್ಮನಿಗೆ ನ್ಯಾಯಾಧೀಶರ ಮಾತನ್ನು ಎರಡು ಸಲ ಹೇಳಿದೆ. ಅಮ್ಮ ಸೊಪ್ಪು ಬಿಡಿಸುವುದನ್ನು ನಿಲ್ಲಿಸಿ, "ಅದ್ಸರಿ ಕಣೋ, ನೀನು ಹೋಗಿದ್ದು ಯಾರ ಕಡೆಯಿಂದ?" ಎಂದಳು.

ನಾನು ಮೂರನೇ ಸಲ ಹೇಳತೊಡಗಿದೆ.