ನಮ್ಮ ಹಸಿರು ಪಕ್ಷದ ಅಧ್ಯಕ್ಷಗಿರಿ

ಪರಿಸರ ಉಳಿಸುವ ಪಕ್ಷದಲ್ಲಿ ಇರುವವನು ನಗು ಹುಡುಕಿಕೊಂಡು ಎಲ್ಲಿಗೂ ಹೋಗಬೇಕಾಗಿಲ್ಲ. ಅದು ತಾನಾಗಿ ನಮ್ಮ ಕಚೇರಿಗೆ ನಡೆದುಕೊಂಡೇ ಬರುತ್ತದೆ, ಯಾಕೆಂದರೆ ನಮ್ಮಲ್ಲಿಗೆ ಪೆಟ್ರೋಲ್ ಗಾಡಿಯಲ್ಲಿ ಬರುವುದು ಯಾರಿಗೂ ಶೋಭೆಯಲ್ಲ. ಪುಣೆಯಲ್ಲಿ ನಮ್ಮದು ಸಣ್ಣ ಪಕ್ಷ. ಅಧ್ಯಕ್ಷರು ಕಾಲೇಜಿನಲ್ಲಿ ಸಸ್ಯಶಾಸ್ತ್ರ ಕಲಿಸಿ ನಿವೃತ್ತರಾದವರು, ಅಪ್ಪಟ ಪುಣೇಕರ್. ಉಪಾಧ್ಯಕ್ಷೆ ಊರಂಚಿನ ಹಡಪಸರದಲ್ಲಿ ಖಾನಾವಳಿ ನಡೆಸುವ ಕಲಬುರಗಿ ಕಡೆಯ ಅಕ್ಕ. ಕಾರ್ಯದರ್ಶಿ ನಾನು, ವಿಜಯಪುರದವನು. ಕಾರ್ಯದರ್ಶಿ ಅಂದರೆ ಕಚೇರಿಯ ಕೀಲಿ ಯಾರ ಕಿಸೆಯಲ್ಲಿ ಇರುತ್ತದೋ ಅವನು.

ಬಸ್ಸಿನ ಭಾಷಣ

ಅಧ್ಯಕ್ಷರಿಗೆ ಕಾರು ಕಂಡರೆ ಆಗದು. ಹಡಪಸರದ ಸಭೆಗೂ ಸಿಟಿ ಬಸ್ಸಿನಲ್ಲೇ ಹೊರಟರು. ಆಫೀಸು ಬಿಡುವ ಹೊತ್ತು. ಇಳಿಯುವ ಸ್ಟಾಪು ಬಂದರೂ ಅವರಿಗೆ ಬಾಗಿಲ ತನಕ ತಲುಪಲು ಆಗಲಿಲ್ಲ, ಬಸ್ಸು ಅವರನ್ನು ಮುಂದಕ್ಕೆ ಒಯ್ದಿತು. ಇತ್ತ ಸಭೆಯಲ್ಲಿ ಜನ ಏಳತೊಡಗಿದ್ದರು. ನಾನು ಫೋನ್ ಹಚ್ಚಿ, ಅಲ್ಲಿಂದಲೇ ಮಾತಾಡಿಬಿಡಿ ಸರ್, ನಾನು ಮೈಕಿಗೆ ಹಿಡಿಯುತ್ತೇನೆ ಅಂದೆ. ಅವರು ಶುರು ಮಾಡಿದರು.

"ಈ ಊರಿನಲ್ಲಿ ಮನುಷ್ಯನಿಗೆ ನಿಲ್ಲಲು ಜಾಗವಿಲ್ಲ, ಉಸಿರಾಡಲು ಗಾಳಿಯಿಲ್ಲ. ಇನ್ನೆಷ್ಟು ದಿನ ಸಹಿಸಬೇಕು?"

ಜೋರು ಚಪ್ಪಾಳೆ ಕೇಳಿಸಿತು. ನೋಡಿದರೆ ನಮ್ಮ ಸಭೆಯಲ್ಲಿ ಯಾರೂ ಕೈ ಎತ್ತಿರಲಿಲ್ಲ. ಚಪ್ಪಾಳೆ ಬಸ್ಸಿನದು. ಕಂಡಕ್ಟರನಿಗೆ ದಬಾಯಿಸಲು ತಮ್ಮ ಪರವಾಗಿ ಒಬ್ಬರಾದರೂ ಬಾಯಿ ಬಿಟ್ಟರಲ್ಲ ಎಂದು ಪ್ರಯಾಣಿಕರು ಹಿಗ್ಗಿದ್ದರು. ಆಮೇಲೆ ಕಂಡಕ್ಟರ್ ಮರಾಠಿಯಲ್ಲಿ ಸಮಾಧಾನ ಹೇಳಿದ್ದು ನಮ್ಮ ಮೈಕಿನಲ್ಲೂ ಬಂತು: "ಕಾಕಾ, ಇಷ್ಟು ಸಿಟ್ಟು ಬೇಡ. ಮುಂದಿನ ಸ್ಟಾಪಿನಲ್ಲಿ ನಾನೇ ಇಳಿಸುತ್ತೇನೆ."

ನಮ್ಮ ಸಭೆ ಚಪ್ಪಾಳೆ ತಟ್ಟಿದ್ದು ಆಗ.

ಸಸಿ ಸತ್ಕಾರ

ಪುಣೆಯಲ್ಲಿ ಯಾರನ್ನು ವೇದಿಕೆಗೆ ಕರೆದರೂ ಶಾಲು, ತೆಂಗಿನಕಾಯಿ ಕೊಡುತ್ತಾರೆ. ನಮ್ಮ ಅಧ್ಯಕ್ಷರು ಅದೆಲ್ಲ ಬೇಡ, ಸಸಿ ಕೊಡಿ ಅಂದಿದ್ದರು. ಜನ ಕೊಟ್ಟರು. ನೋಡನೋಡುತ್ತ ಅವರ ಮೂರನೇ ಮಹಡಿಯ ಬಾಲ್ಕನಿ ಕಾಡಾಯಿತು. ಒಮ್ಮೆ ಮನೆಗೆ ಹೋದಾಗ ಅವರ ಹೆಂಡತಿ ಚಹಾ ಕೊಟ್ಟು, ನಿಮ್ಮ ಪಕ್ಷ ಅಧಿಕಾರಕ್ಕೆ ಬರುವುದು ಯಾವಾಗ ಎಂದು ಕೇಳಿದರು. ಇವರಿಗಾದರೂ ನಮ್ಮ ಮೇಲೆ ಭರವಸೆ ಇದೆಯಲ್ಲ ಎಂದು ನಾನು ಉಬ್ಬಿಹೋದೆ. ಸ್ವಲ್ಪ ಸಮಯ ಹಿಡಿಯುತ್ತದೆ ವಹಿನಿ, ಯಾಕೆ ಅಂದೆ.

"ಸರ್ಕಾರಿ ಬಂಗಲೆ ಸಿಕ್ಕರೆ ಈ ಆಲದ ಗಿಡ ಅಲ್ಲಿಗೆ ಸಾಗಿಸಬಹುದು. ನಾನು ಸೀರೆ ಒಣಹಾಕಬೇಕು."

ಜೇಜುರಿಯಲ್ಲಿ

ಜೇಜುರಿಯ ಬೆಟ್ಟದ ಮೇಲಿನ ಗುಡಿಗೆ ಕರ್ನಾಟಕದಿಂದಲೂ ಭಕ್ತರು ಬರುತ್ತಾರೆ. ಪ್ಲಾಸ್ಟಿಕ್ ಬೇಡವೆಂದು ಅವರಿಗೆ ಕನ್ನಡದಲ್ಲಿ ಹೇಳಲು ಅಧ್ಯಕ್ಷರು ನನ್ನನ್ನು ಕರೆದುಕೊಂಡು ಹೋದರು. ಹಸಿರು ಟೊಪ್ಪಿಗೆ, ಹಸಿರು ಶಾಲು ಹಾಕಿಕೊಂಡು ಮೆಟ್ಟಿಲ ಬುಡದಲ್ಲಿ ನಿಂತರು. ಒಬ್ಬ ಅಜ್ಜಿ ಪ್ಲಾಸ್ಟಿಕ್ ಚೀಲದಲ್ಲಿ ಭಂಡಾರ ಹಿಡಿದು ಬಂದಳು. ದೇವರ ಅರಿಷಿಣ ಅದು. ನಾನು ಅಧ್ಯಕ್ಷರ ಮಾತು ಕನ್ನಡದಲ್ಲಿ ಹೇಳಿದೆ. ಅಜ್ಜಿ ಪೂರಾ ಕೇಳಿಸಿಕೊಂಡು, "ಹೌದಪ್ಪ, ಹಂಗಾದ್ರ ಭಂಡಾರ ಎದ್ರಾಗ ಒಯ್ಯಲಿ?" ಅಂದಳು.

ಅಧ್ಯಕ್ಷರು ಹಿಂದೆಮುಂದೆ ನೋಡದೆ ಟೊಪ್ಪಿಗೆ ತೆಗೆದು ಮುಂದೆ ಹಿಡಿದರು. ಅಜ್ಜಿಯ ಮನಸ್ಸು ಕರಗಿತು. ಭಂಡಾರವನ್ನೆಲ್ಲ ಟೊಪ್ಪಿಗೆಗೆ ಸುರುವಿಕೊಂಡು, ಅದರಿಂದಲೇ ಒಂದು ಹಿಡಿ ತೆಗೆದು ಅವರ ಬರಿದಲೆಗೆ ತೂರಿ, ಕೈಮುಗಿದು, ಟೊಪ್ಪಿಗೆ ಹಿಡಿದುಕೊಂಡೇ ಮೆಟ್ಟಿಲು ಹತ್ತಿದಳು. ಹಿಂದೆ ಬರುತ್ತಿದ್ದವರು ಇದೂ ಒಂದು ಪದ್ಧತಿ ಇರಬೇಕೆಂದುಕೊಂಡರು. ಹತ್ತುವವರೆಲ್ಲ ಒಂದೊಂದು ಹಿಡಿ ತೂರಿಯೇ ಹತ್ತಿದರು.

ಸಂಜೆ ಮನೆಗೆ ಮುಟ್ಟುವಾಗ ಅವರ ಮೈಮೇಲೆ ಹಸಿರು ಅನ್ನುವುದು ಹುಡುಕಿದರೂ ಸಿಗುತ್ತಿರಲಿಲ್ಲ. ಅಪಾರ್ಟ್‌ಮೆಂಟಿನ ವಾಚ್‌ಮನ್ ಮೇಲಿಂದ ಕೆಳಗಿನ ತನಕ ನೋಡಿ, ಹತ್ತಿರ ಬಂದು ಮೆಲ್ಲಗೆ ಕೇಳಿದ: "ಸರ್, ನೀವೂ ಪಕ್ಷ ಬದಲಿಸಿದಿರಾ?"

ಚುನಾವಣೆ

ಅಧ್ಯಕ್ಷರ ಅವಧಿ ಮುಗಿಯಿತು. ಹಳಬರು ಅವರೇ ಇರಲಿ ಅಂದರು. ಹಡಪಸರದ ಸದಸ್ಯರು, ರಸ್ತೆಗೆಂದು ಸರ್ಕಾರದವರು ಮರ ಕಡಿಯಲು ಬಂದಾಗ ಓಣಿಯ ಹೆಂಗಸರನ್ನು ಕಟ್ಟಿಕೊಂಡು ಅಡ್ಡ ನಿಂತವಳು ಖಾನಾವಳಿಯ ಅಕ್ಕ, ಅವಳೇ ಆಗಲಿ ಅಂದರು. ಬರಬರುತ್ತ ಎರಡೂ ಕಡೆಯವರು ಒಟ್ಟಿಗೆ ಚಹಾ ಕುಡಿಯುವುದನ್ನೂ ಬಿಟ್ಟರು. ನನಗೆ ನಿಜಕ್ಕೂ ಹೆದರಿಕೆ. ಇದ್ದದ್ದೇ ಒಂದು ಹಿಡಿ ಮಂದಿ, ಒಡೆದರೆ ಚಿಟಿಕೆ ಆಗುತ್ತಿತ್ತು.

ಮತದಾನಕ್ಕೆ ಕಾಗದ ಬಳಸುವಂತಿಲ್ಲ, ಅದು ನಮ್ಮ ನಿಯಮ. ಹೀಗಾಗಿ ಎಲ್ಲರ ಕೈಗೂ ಹುರಿದ ಶೇಂಗಾ ಒಂದು, ಪುಟಾಣಿ ಅಂದರೆ ಹುರಿಗಡಲೆ ಒಂದು ಕೊಟ್ಟೆವು. ಅಕ್ಕನ ಗುರುತು ಶೇಂಗಾ, ಅಧ್ಯಕ್ಷ ಸರ್ ಗುರುತು ಪುಟಾಣಿ. ಬೇಕಾದದ್ದನ್ನು ಗಡಿಗೆಯಲ್ಲಿ ಹಾಕಬೇಕು. ಚುನಾವಣಾಧಿಕಾರಿ ನಾನು, ನನಗೆ ಮತ ಇಲ್ಲ.

ಮೊದಲು ಇಬ್ಬರ ಭಾಷಣ. ಅಕ್ಕ, "ನಾ ಏನ್ ಹೇಳ್ಲಿರಿ, ನನ್ನ ಕೆಲಸ ನೋಡೀರಿ," ಎಂದು ಕೂತುಬಿಟ್ಟಳು. ಸರ್ ಸಹ್ಯಾದ್ರಿಯ ಪಾಚಿಯಿಂದ ಶುರು ಮಾಡಿದರು. ನದಿಗೆ ಬಂದು ಮುಟ್ಟುವಷ್ಟರಲ್ಲಿ ಊಟದ ಹೊತ್ತು ಮೀರಿತ್ತು. ಆಮೇಲೆ ಎಲ್ಲರೂ ಮುಷ್ಟಿ ಕಟ್ಟಿಕೊಂಡು ಗಂಭೀರವಾಗಿ ಸಾಲಿನಲ್ಲಿ ಬಂದು, ಗಡಿಗೆಯೊಳಗೆ ಕೈ ಇಳಿಸಿ ಹೋದರು.

ನಾನು ಗಡಿಗೆ ಬೋರಲು ಹಾಕಿದೆ. ಒಂದು ಶೇಂಗಾ ಬಿತ್ತು. ಒಂದು ಪುಟಾಣಿ ಬಿತ್ತು. ಇನ್ನೊಮ್ಮೆ ಅಲ್ಲಾಡಿಸಿದೆ. ಏನೂ ಇಲ್ಲ. ತಲೆ ಎತ್ತಿದರೆ ಎಲ್ಲರೂ ನೆಲ ನೋಡುತ್ತಿದ್ದರು. ಭಾಷಣ ಕೇಳುತ್ತ ಕೇಳುತ್ತ ಇಡೀ ಪಕ್ಷ ತನ್ನ ಮತವನ್ನು ತಿಂದು ಮುಗಿಸಿತ್ತು.

ಅಕ್ಕ ನನ್ನ ಕಡೆ ಬಾಗಿ, "ಅಣ್ಣಾ, ಆ ಪುಟಾಣಿ ನಂದ್ ಅದರಿ," ಅಂದಳು. ನಾನು ಅದನ್ನು ಮರಾಠಿಯಲ್ಲಿ ಹೇಳಿದೆ. ಸರ್ ಕನ್ನಡಕ ತೆಗೆದು ಒರೆಸಿದರು. ಹಾಗಾದರೆ ಶೇಂಗಾ ನನ್ನದು ಅಂದರು. ಎಷ್ಟೋ ದಿನದಿಂದ ನೆಟ್ಟಗೆ ಮಾತಾಡದಿದ್ದ ಇಬ್ಬರೂ ಒಬ್ಬರನ್ನೊಬ್ಬರು ನೋಡಿ ನಕ್ಕರು. ಸರ್ ತಮ್ಮ ಕುರ್ಚಿ ಪಕ್ಕಕ್ಕೆ ಸರಿಸಿ, ಇನ್ನೊಂದನ್ನು ಎಳೆದು ಅಕ್ಕನಿಗೆ ಹಾಕಿದರು. ಮತ ಸಮಸಮ, ಇನ್ನು ಮುಂದೆ ಅಧ್ಯಕ್ಷರು ಇಬ್ಬರು ಎಂದು ನಾನು ಸಾರಿದೆ. ಎರಡೂ ಕಡೆಯವರು ಕೂಡಿಯೇ ಚಪ್ಪಾಳೆ ತಟ್ಟಿದರು.

ಆಗ ಹಿಂದಿನ ಸಾಲಿನಿಂದ ಸೋಲಾಪುರ ಕಡೆಯ ಹಿರಿಯರೊಬ್ಬರು ಎದ್ದುನಿಂತು, ತಮ್ಮದು ತಕರಾರು ಇದೆ, ಮತದಾನ ಇನ್ನೊಮ್ಮೆ ಆಗಲೇಬೇಕು ಅಂದರು. ಏನು ತಪ್ಪಾಯಿತು ಯಜಮಾನರೇ ಎಂದು ಕೇಳಿದೆ.

"ತಪ್ಪೇನಿಲ್ರಿ. ಈ ಸಲ ಉಪ್ಪು-ಖಾರ ಹಚ್ಚಿದ್ದು ತರ್ರಿ."