ಮೂವತ್ತೇ ಜನರ ಮದುವೆ

ಮದುವೆಯ ದಿನ ಬೆಳಿಗ್ಗೆ ದರ್ದೀರಿ ತನ್ನ ಅಂಗಡಿಯ ಬಾಗಿಲು ತೆರೆಯಬಾರದಿತ್ತು. ತೆರೆದದ್ದು ಒಳಗಿಟ್ಟಿದ್ದ ಹೊಸ ಬೂಟುಗಳನ್ನು ತೆಗೆದುಕೊಳ್ಳಲು, ಅಷ್ಟೇ. ಆದರೆ ರಶೀದ್ ಪಟ್ಟಣದ ಮೀನುಪೇಟೆ ಓಣಿಯಲ್ಲಿ ಕ್ಷೌರದಂಗಡಿಯ ಬಾಗಿಲು ಕಿರ್ರೆಂದರೆ ಸಾಕು, ಯಾರಾದರೊಬ್ಬರು ಬಂದು ಕುರ್ಚಿಯಲ್ಲಿ ಕೂತುಬಿಡುವುದು ವಾಡಿಕೆ. ಅಂದು ಬಂದು ಕೂತವರು ಎದುರಿನ ಕಾಫಿಖಾನೆಯ ಹಾಜಿ ಮಿತ್ವಲ್ಲಿ.

ಮುಖಕ್ಕೆ ನೊರೆ ಹಚ್ಚಿಸಿಕೊಳ್ಳುತ್ತಲೇ ಹಾಜಿಯವರು ಕನ್ನಡಿಯಲ್ಲಿ ಅವನನ್ನು ದಿಟ್ಟಿಸಿದರು. ಕೈಕಸುಬಿನವರನ್ನು ಅಲ್ಲಿ ಉಸ್ತಾ ಎಂದೇ ಕರೆಯುವುದು. "ಏನಪ್ಪಾ ಉಸ್ತಾ, ಸಂಜೆ ನಿನ್ನ ಮದುವೆಯಂತೆ. ಇಡೀ ಓಣೀಲಿ ನನಗೊಬ್ಬನಿಗೆ ಮಾತ್ರ ಗೊತ್ತಿಲ್ಲ ಅಂತ ಕಾಣುತ್ತೆ."

"ಅಯ್ಯೋ, ನೀವಿಲ್ಲದೆ ಮದುವೆ ಆಗುತ್ತಾ ಹಾಜಿ," ಎಂದಿತು ದರ್ದೀರಿಯ ನಾಲಿಗೆ. ಅದು ಅವನನ್ನು ಕೇಳಿ ಮಾತಾಡುತ್ತಿರಲಿಲ್ಲ. ಇಷ್ಟು ವರ್ಷ ಗಿರಾಕಿಗಳ ತಲೆ ಸವರಿ ಸವರಿ, ಏನು ಹೇಳಿದರೂ ಹೌದೆನ್ನುವುದೇ ಅದಕ್ಕೆ ಅಭ್ಯಾಸವಾಗಿತ್ತು.

"ಆಗಲಿ, ಬರ್ತೀವಿ," ಎಂದರು ಹಾಜಿ.

ಕೊನೆಯ ಆ 'ವಿ' ಕೇಳಿ ದರ್ದೀರಿ ಮನಸ್ಸಿನಲ್ಲೇ ತಲೆ ಎಣಿಸಿದ. ಹಾಜಿಯವರ ಮನೆಯಲ್ಲಿ ಹನ್ನೊಂದು ಜನ.

ಅವನು ಕೈಹಿಡಿಯಲಿದ್ದ ಇನ್ಸಾಫ್ ಪಕ್ಕದ ಓಣಿಯಲ್ಲಿ ಬಟ್ಟೆ ಹೊಲಿಯುವವಳು, ಮಾತಿನಲ್ಲಿ ಕಟ್ಟುನಿಟ್ಟು. ಅವಳದ್ದು ಒಂದೇ ಷರತ್ತಾಗಿತ್ತು. "ಮೂವತ್ತು ಜನ. ನಿಮ್ಮ ಕಡೆ ಹದಿನೈದು, ನಮ್ಮ ಕಡೆ ಹದಿನೈದು. ನಮ್ಮಕ್ಕನ ಮದುವೇಲಿ ಎಂಥ ನೂಕುನುಗ್ಗಲು ಅಂದ್ರೆ, ಗಂಡ ಅವಳ ಕಣ್ಣಿಗೆ ಬಿದ್ದಿದ್ದು ಮಾರನೇ ದಿನ. ಮೂವತ್ತೊಂದನೇ ಮುಖ ಕಾಣ್ತೋ, ನಾನು ಬಾಗಿಲಿಂದಲೇ ವಾಪಸ್ಸು ಹೋಗ್ತೀನಿ."

ನಲವತ್ತೈದು ದಾಟಿದ ಮೇಲೆ ಕೂಡಿಬಂದ ಮದುವೆ. ಆ ಹದಿನೈದೂ ಅವನ ಅಕ್ಕಂದಿರು, ಭಾವಂದಿರು, ಅವರ ಮಕ್ಕಳಲ್ಲೇ ಮುಗಿದುಹೋಗಿತ್ತು.

ಹಾಜಿಯವರ ಎಡಗೆನ್ನೆ ಮುಗಿಸುವಷ್ಟರಲ್ಲಿ ದರ್ದೀರಿ ಧೈರ್ಯ ತಂದುಕೊಂಡ. ಕತ್ತಿಯನ್ನು ಅವರ ಗಂಟಲ ಹತ್ತಿರ ಹಿಡಿದುಕೊಂಡೇ ತಗ್ಗಿದ ದನಿಯಲ್ಲಿ ಹೇಳಿದ: "ಹಾಜಿ, ಮದುವೆ ವಿಷಯ ನಿಮಗೊಂದು ಮಾತು ಹೇಳ್ಬೇಕಿತ್ತು."

ಹಾಜಿಯವರು ಕನ್ನಡಿಯಲ್ಲಿ ಕತ್ತಿಯನ್ನು ನೋಡಿದರು, ಅವನ ಮುಖ ನೋಡಿದರು. "ಅದನ್ನ ಕೆಳಗಿಟ್ಟು ಹೇಳಪ್ಪ."

ಅಷ್ಟರಲ್ಲಿ ಬಾಗಿಲ ಮುಂದೆ ಹಗ್ಗ ಕಟ್ಟಿದ ಬುಟ್ಟಿಯೊಂದು ಮೇಲಿನಿಂದ ತೂಗಾಡುತ್ತ ಇಳಿಯಿತು. ಅದು ಮೂರನೇ ಮಹಡಿಯ ಉಮ್ಮು ಹಾಶಿಮಳದು. ದಿನವೂ ಅದರಲ್ಲಿ ಸೊಪ್ಪು ಮೇಲೆ ಹೋಗುತ್ತಿತ್ತು, ಚಿಲ್ಲರೆ ಕೆಳಗೆ ಬರುತ್ತಿತ್ತು. ಇಂದು ಅದರ ತುಂಬ ಸಕ್ಕರೆ.

"ಉಸ್ತಾ, ಮದುವೆ ಶರಬತ್ತಿಗೆ ನಮ್ಮ ಮನೆಯಿಂದ," ಎಂದು ಅವಳು ಬಾಲ್ಕನಿಯಿಂದ ಬಗ್ಗಿ ಕೂಗಿದಳು. "ಕರೀದಿದ್ರೂ ಪರವಾಗಿಲ್ಲ, ನಾವೇನು ಬೇಜಾರು ಮಾಡ್ಕೊಳ್ಳಲ್ಲ. ಹತ್ತು ವರ್ಷದಿಂದ ತಲೆ ಮೇಲೆ ಇದ್ದೀವಿ ಅಷ್ಟೇ."

"ನೀವಿಲ್ಲದೆ ಆಗುತ್ತಾ," ಎಂದಿತು ನಾಲಿಗೆ.

ಅದನ್ನು ಕೇಳಿದ್ದೇ ತಡ, ಎದುರು ಬಾಲ್ಕನಿಯಿಂದ ಒಂದು ಬುಟ್ಟಿ ಇಳಿಯಿತು. ಅದರ ಪಕ್ಕದಿಂದ ಇನ್ನೆರಡು. ಸಕ್ಕರೆ, ಅಕ್ಕಿ, ಜೀವಂತ ಬಾತುಕೋಳಿಯೊಂದು. ಜೇಡರ ಹುಳುಗಳ ಹಾಗೆ ನಾಲ್ಕೂ ಕಡೆಯಿಂದ ಬುಟ್ಟಿಗಳು ಇಳಿಯುವುದನ್ನು ನೋಡುತ್ತ ದರ್ದೀರಿ ಬೆವೆತುಹೋದ. ಪ್ರತಿ ಬುಟ್ಟಿಯ ಹಿಂದೆ ಒಂದೊಂದು ಸಂಸಾರ. ಇನ್ಸಾಫ್ ಬಾಗಿಲಿಂದ ತಿರುಗಿ ನಡೆದಂತೆಯೇ ಕಂಡಿತು ಅವನಿಗೆ.

"ಮದುವೆ ನಿಂತುಹೋಯ್ತು," ಎಂದುಬಿಟ್ಟ.

ಬುಟ್ಟಿಗಳು ಇದ್ದಲ್ಲೇ ನಿಂತವು. ಬಾತುಕೋಳಿ ಒಂದು ಸಲ ಕೂಗಿ ಸುಮ್ಮನಾಯಿತು. ಸದ್ಯ ಬಚಾವಾದೆ ಎಂದು ದರ್ದೀರಿ ಉಸಿರು ಬಿಟ್ಟ. ಬುಟ್ಟಿಗಳು ಮೇಲೇರಲಿ, ಸಂಜೆ ಹಿಂದಿನ ಬೀದಿಯಿಂದ ಕಳ್ಳನ ಹಾಗೆ ಹೋಗಿ ಮದುವೆಯಾಗಿ ಬಂದರಾಯಿತು, ನಾಳೆ ಬೇಕಾದರೆ ಕಾಲು ಹಿಡಿಯೋಣ.

ಹಾಜಿ ಮಿತ್ವಲ್ಲಿ ಮಾತ್ರ ಕೊರಳ ಬಟ್ಟೆ ಸಮೇತ ಎದ್ದು ನಿಂತರು. ಒಂದು ಕೆನ್ನೆ ನುಣುಪು, ಇನ್ನೊಂದು ಕೆನ್ನೆಯ ತುಂಬ ನೊರೆ. "ಅವಳು ಬೇಡ ಅಂದ್ಲಾ? ನಮ್ಮ ಉಸ್ತಾನ್ನ? ನಡೀರಿ, ಅದೇನು ಅಂತ ಕೇಳೋಣ."

"ಹಾಜಿ, ಬೇಡಿ, ಹಾಗಲ್ಲ," ಎಂದು ದರ್ದೀರಿ ಅವರ ತೋಳು ಹಿಡಿದ.

"ನೀನು ಸುಮ್ಮನಿರು. ನೊಂದವನು ನೀನು, ಮಾತಾಡಬೇಡ."

ಹಾಜಿಯವರು ಮುಂದೆ, ಚಪ್ಪಲಿಯೂ ಇಲ್ಲದೆ ಇಳಿದು ಬಂದ ಉಮ್ಮು ಹಾಶಿಮ್ ಹಿಂದೆ, ಅವಳ ಹಿಂದೆ ಇಡೀ ಮೀನುಪೇಟೆ. ಅಡ್ಡ ಸಿಕ್ಕವರು "ಏನಾಯ್ತು" ಎಂದು ಕೇಳುತ್ತ ಸೇರಿಕೊಂಡರು. ಕಟ್ಟಕಡೆಗೆ ಟವೆಲ್ ಬೀಸುತ್ತ ಮದುಮಗ ಓಡುತ್ತಿದ್ದ.

ಇನ್ಸಾಫಳ ಕಿಟಕಿಯ ಕೆಳಗೆ ಸಂದಣಿ ನಿಂತಿತು. ತಲೆಯ ತುಂಬ ಕೂದಲು ಸುರುಳಿ ಸುತ್ತಿಕೊಂಡ ಮದುಮಗಳು ಕಿಟಕಿ ತೆರೆದು, ಕೆಳಗೆ ನೋಡಿ, ಗೋಡೆ ಹಿಡಿದುಕೊಂಡಳು.

"ನೋಡಮ್ಮಾ," ಎಂದು ಹಾಜಿಯವರು ಕೆನ್ನೆಯ ನೊರೆ ಒರೆಸಿಕೊಳ್ಳದೆಯೇ ಶುರು ಮಾಡಿದರು, "ಇಲ್ಲಿರೋ ಒಂದೊಂದು ತಲೇನೂ ಅವನ ಕೈಯಲ್ಲಿ ಪಳಗಿದ್ದು. ಇವತ್ತಿನ ತನಕ ಒಬ್ಬರ ಕಿವಿ ಕುಯ್ದಿಲ್ಲ."

"ನಮ್ಮ ಹುಡುಗ ಹಾಶಿಮಂದು ಬಿಟ್ಟು," ಎಂದಳು ಉಮ್ಮು ಹಾಶಿಮ್. "ಅದೂ ಅವನೇ ಅಲ್ಲಾಡಿದ್ದು. ಪಾಪದ ಮನುಷ್ಯ ಕಣಮ್ಮ. ಒಪ್ಕೊಂಡುಬಿಡು."

"ಮದುವೆ ಬೇಡ ಅಂತ ನಾನು ಯಾವಾಗ ಅಂದೆ?" ಎಂದಳು ಇನ್ಸಾಫ್.

ತಲೆಗಳೆಲ್ಲ ಒಟ್ಟಿಗೆ ಹಿಂದಕ್ಕೆ ತಿರುಗಿದವು. ದರ್ದೀರಿ ಟವೆಲಿನಲ್ಲಿ ಮುಖ ಮುಚ್ಚಿಕೊಂಡು, ಅದರೊಳಗಿಂದಲೇ ಮೂವತ್ತರ ಷರತ್ತಿನಿಂದ ಹಿಡಿದು ಬಾತುಕೋಳಿಯವರೆಗೆ ಎಲ್ಲವನ್ನೂ ಒಪ್ಪಿಸಿದ. ಹಾಜಿಯವರ ಮುಖ ಸಣ್ಣದಾಯಿತು. "ಹಾಗಾದ್ರೆ ನಾವು ಬರ್ತೀವಿ ಕಣಮ್ಮ," ಎಂದು ಅವರು ತಿರುಗಿದರು.

"ನಿಂತ್ಕೊಳ್ಳಿ ಹಾಜಿ," ಎಂದಳು ಇನ್ಸಾಫ್. ಅವಳ ದನಿ ಸ್ವಲ್ಪ ಒದ್ದೆಯಾಗಿತ್ತು. "ಇಷ್ಟು ವಯಸ್ಸಾಯ್ತು, ನನ್ನ ಕಿಟಕಿ ಕೆಳಗೆ ಬಂದು ಒಪ್ಕೋ ಅಂತ ಒಬ್ಬನೂ ಕೇಳಿರಲಿಲ್ಲ. ಇವತ್ತು ಇಷ್ಟು ಜನ ಬಂದಿದೀರಿ. ನಿಮ್ಮನ್ನ ಬಿಟ್ಟು ಹೇಗೆ ಮದುವೆ ಮಾಡ್ಕೊಳ್ಳಲಿ? ಎಲ್ಲರೂ ಬನ್ನಿ. ನದಿ ದಂಡೆ ಮೇಲೆ ಚಪ್ಪರ ಹಾಕ್ಸಿ."

ಹೆಂಗಸರು ನಾಲಿಗೆ ಕುಣಿಸಿ ಕೇಕೆ ಹಾಕಿದರು. ದರ್ದೀರಿ ಹಗುರಾಗಿ, ಹಾರುವ ಹಾಗೆ ಅಂಗಡಿಗೆ ಬಂದ. ಹಾಜಿಯವರು ಮತ್ತೆ ಕುರ್ಚಿಯಲ್ಲಿ ಕೂತು ಇನ್ನೊಂದು ಕೆನ್ನೆ ತೋರಿಸಿದರು. ಅದನ್ನು ಮುಗಿಸಿ ಕತ್ತಿ ತೊಳೆದು ಬಾಗಿಲ ಕಡೆ ತಿರುಗಿದವನು ಹಾಗೇ ನಿಂತುಬಿಟ್ಟ.

ಗಡ್ಡ ಬೆಳೆದವರ ಸಾಲೊಂದು ಅಂಗಡಿಯಿಂದ ಹೊರಟು, ಮೀನಿನ ಕಟ್ಟೆ ದಾಟಿ, ಮಸೀದಿಯ ಮೂಲೆಯಲ್ಲಿ ತಿರುಗಿತ್ತು.

"ಸಂಜೆ ಮದುವೆಗೆ ಕರೆದಿದೀಯ, ಈ ಮುಖ ಹೊತ್ಕೊಂಡು ಬರೋಕಾಗುತ್ತಾ?" ಎಂದ ಮೊದಲನೆಯವನು, ಗಡ್ಡ ಕೆರೆದುಕೊಳ್ಳುತ್ತ. ಸಾಲಿನ ನಡುವೆ ಊರಿನ ಇನ್ನೊಬ್ಬ ಕ್ಷೌರಿಕ ಅಬ್ದುಸ್ಸಮೀಅನೂ ನಿಂತಿದ್ದ. ದರ್ದೀರಿ ಆಸೆಯಿಂದ ಅವನ ಕೈಗೆ ಒಂದು ಕತ್ತಿ ಕೊಡಹೋದ.

"ಇವತ್ತು ನಾನು ಅತಿಥಿ," ಎಂದು ಅಬ್ದುಸ್ಸಮೀಅ ಕೈ ಹಿಂದಕ್ಕೆ ಕಟ್ಟಿಕೊಂಡ. "ಮದುವೆಗೆ ಅಂತಲೇ ಅಂಗಡಿ ಮುಚ್ಚಿ ಬಂದಿದೀನಿ."

ದರ್ದೀರಿ ಕತ್ತಿ ಮಸೆದ. ಮಧ್ಯಾಹ್ನ ಕಳೆಯಿತು, ಊಟ ತಪ್ಪಿತು, ಇಳಿಹೊತ್ತಿನ ಅಸರ್ ನಮಾಜಿನ ಕೂಗು ಬಂತು. ಗಡ್ಡ ಮುಗಿದಂತೆ ಹೊಸ ಗಡ್ಡಗಳು ಬರುತ್ತಿದ್ದವು. ನದಿಯ ಕಡೆಯಿಂದ ಡೋಲಿನ ಸದ್ದು ಕೇಳತೊಡಗಿತು. ಸೂರ್ಯ ಮುಳುಗಿದಾಗ ಅವನು ಇನ್ನೂ ನೊರೆ ಕಲಸುತ್ತಿದ್ದ.

ಆಗ ಸಾಲನ್ನು ಸೀಳಿಕೊಂಡು ಇನ್ಸಾಫ್ ಬಂದಳು. ಮೈಮೇಲೆ ತಾನೇ ಹೊಲಿದ ಬಿಳಿ ಉಡುಪು. ಜೊತೆಗೆ ಅವಳ ಸೋದರಮಾವ ಮತ್ತು ನಿಕಾಹ್ ಓದಿಸುವ ಶೇಖ್.

"ಚಪ್ಪರದಲ್ಲಿ ಯಾರೂ ಇಲ್ಲ," ಎಂದಳು. "ಗಂಡಸರೆಲ್ಲ ಇಲ್ಲಿ ಸಾಲಲ್ಲಿ, ಹೆಂಗಸರು ಅವರಿಗೆ ಕಾಯ್ತಾ ಮನೇಲಿ. ಡೋಲಿನವರು ಒಬ್ಬರ ಮುಖ ಒಬ್ಬರು ನೋಡ್ಕೊಂಡು ಬಾರಿಸ್ತಿದಾರೆ. ಶೇಖ್ ಅವರಿಗೆ ಇನ್ನೊಂದು ಮದುವೆ ಇದೆಯಂತೆ. ಇಲ್ಲೇ ಮುಗಿಸಿಬಿಡೋಣ."

ಅಂಗಡಿಯೊಳಗೆ ಹಿಡಿಸಿದ್ದು ಏಳೇ ಜನ. ಮದುಮಗ, ಮದುಮಗಳು, ಶೇಖ್, ಸೋದರಮಾವ, ಸಾಕ್ಷಿಗೆ ಹಾಜಿ ಮಿತ್ವಲ್ಲಿ ಮತ್ತು ಅಬ್ದುಸ್ಸಮೀಅ. ಏಳನೆಯವನು ಅರ್ಧ ಗಡ್ಡದೊಂದಿಗೆ ಕುರ್ಚಿಯಲ್ಲಿ ಸಿಕ್ಕಿಕೊಂಡು ಏಳಲಾಗದೆ ಕೂತಿದ್ದವನು. ನಿಕಾಹ್ ಪದ್ಧತಿಯಂತೆ ದರ್ದೀರಿ ಮದುಮಗಳ ಪರವಾಗಿ ನಿಂತ ಸೋದರಮಾವನ ಕೈ ಹಿಡಿದ. ನೊರೆಗೆ ಕೈ ಎರಡು ಸಲ ಜಾರಿತು. ಹಿಡಿದ ಕೈಗಳ ಮೇಲೆ ಹೊದಿಸಲು ಕರವಸ್ತ್ರ ಸಿಗದೆ ಶೇಖ್ ಅವರು ಅಂಗಡಿಯ ಟವೆಲನ್ನೇ ಹೊದಿಸಿದರು. ಕುರ್ಚಿಯಲ್ಲಿದ್ದವನು ಎಲ್ಲರಿಗಿಂತ ಗಟ್ಟಿಯಾಗಿ ಆಮೀನ್ ಎಂದ.

ಇನ್ಸಾಫ್ ಸುತ್ತ ನೋಡಿದಳು. ಅವಳ ಮುಖದಲ್ಲಿ ತೃಪ್ತಿ ತುಂಬಿತ್ತು. "ನಾನು ಕೇಳಿದ್ದಕ್ಕಿಂತಲೂ ಚಿಕ್ಕ ಮದುವೆ ಆಯ್ತು ನೋಡಿ."

"ಹಾಗಾದ್ರೆ ಇನ್ನು ಹೊರಡೋಣ್ವಾ?" ಎಂದ ದರ್ದೀರಿ, ಹೆಂಡತಿಯ ಮುಖವನ್ನೇ ನೋಡುತ್ತ, ಕತ್ತಿ ಕೆಳಗಿಟ್ಟು.

ಅವಳು ಬಾಗಿಲಿಂದ ಹೊರಗೆ ಇಣುಕಿದಳು. ಸಾಲು ಮಸೀದಿಯ ಮೂಲೆಯಲ್ಲಿ ಇನ್ನೂ ತಿರುಗುತ್ತಲೇ ಇತ್ತು. ಮೊಳೆಗೆ ನೇತುಹಾಕಿದ್ದ ಬಿಳಿ ಬಟ್ಟೆ ತೆಗೆದುಕೊಂಡು ಉಡುಪಿನ ಮೇಲೆ ಕಟ್ಟಿಕೊಂಡಳು. ಕತ್ತಿಯನ್ನು ಎತ್ತಿ ಅವನ ಕೈಗೆ ವಾಪಸ್ಸು ಕೊಟ್ಟಳು.

"ಅತಿಥಿಗಳನ್ನ ಬಿಟ್ಟು ಎಲ್ಲಿಗೆ ಹೊರಡೋದು?" ಎಂದು ಹೇಳಿ, ಬಾಗಿಲ ಕಡೆ ತಿರುಗಿ ಕೂಗಿದಳು: "ಮುಂದಿನವರು ಬನ್ನಿ."